ಪಾರ್ಟ್ ಟೂ, ಪಾರ್ಟ್ ತ್ರೀ ನೋಡುವುದು ಹೇಗೆ?

ಬಿಣಗಾದಿಂದ ಹೊರಟು ಕಾರವಾರ ಹಿಂದೆ ಹಾಕಿ, ಕಾಳಿ ನದಿ ದಾಟಿ ಮಾಜಾಳಿ ಕಳೆದರೆ ಗೋವಾ. ಈ ಕಡೆಯವರಿಗೆ ಅದು ನೆರೆಮನೆ. ಆದರೆ 1968ರಲ್ಲಿ ‘ಗೋವಾದಲ್ಲಿ ಸಿ.ಐ.ಡಿ. 999’ ಎಂಬ ಕನ್ನಡ ಚಿತ್ರ ಬಂದಾಗ ಪೋರ್ಚುಗೀಸರು ಅಲ್ಲಿಂದ ಕಾಲ್ತೆಗೆದು ಏಳೇ ವರ್ಷವಾಗಿತ್ತು. ಘಟ್ಟದ ಮೇಲಿನ ಪ್ರೇಕ್ಷಕನಿಗೆ ಆ ಹೆಸರೇ ಅರ್ಧ ಸಿನಿಮಾ. ಕಡಿಮೆ ದುಡ್ಡಿನ ಸಾಹಸ ಸರಣಿಗಳು ಬದುಕುವುದು ಇಂಥ ಜಾಣತನದ ಮೇಲೆ.

ಥಿಯೇಟರ್ ಮುಟ್ಟದೆ ನೇರ ಡಿವಿಡಿಗೆ ಇಳಿಯುವ ಹಾಲಿವುಡ್ ಫೈಟಿಂಗ್ ಚಿತ್ರಗಳ ರುಚಿ ಹತ್ತಿಸಿಕೊಳ್ಳಬೇಕೆಂದಿರುವವರು ದೊರೆ–ಭಗವಾನರ ಸಿಐಡಿ ಚಿತ್ರಗಳಿಂದ ಶುರು ಮಾಡಲಿ. ಅವು ಥಿಯೇಟರಿನವೇ, ಆದರೆ ಕಣ್ಣಿಗೆ ಒಳ್ಳೆಯ ಪಾಠ.

ಸಾಲಾಗಿ ನೋಡಿ. ಲೋಹವನ್ನು ಚಿನ್ನ ಮಾಡುವ ಸೂತ್ರದ ಬೆನ್ನುಹತ್ತುವ ‘ಜೇಡರ ಬಲೆ’ (1968) ಮೊದಲು. ಅದೇ ವರ್ಷ ಗೋವಾ. 1969ರಲ್ಲಿ ‘ಆಪರೇಷನ್ ಜಾಕ್‌ಪಾಟ್‌ನಲ್ಲಿ ಸಿ.ಐ.ಡಿ. 999’.

ಬದಲಾಗದ್ದನ್ನು ಬೈಯಬೇಡಿ. ರಾಜ್‌ಕುಮಾರರ ಸಿಐಡಿ ಪ್ರಕಾಶ್ ಅವನೇ, ಜಿ.ಕೆ. ವೆಂಕಟೇಶರ ಸಂಗೀತವೂ ಇದ್ದೇ ಇದೆ. ಒಂದೇ ಪ್ರಸಂಗವನ್ನು ಹತ್ತು ಸಲ ನೋಡುವ ಯಕ್ಷಗಾನದ ಊರಿನವರಿಗೆ ಇದನ್ನು ಹೇಳಿಕೊಡಬೇಕಿಲ್ಲ: ಕತೆ ಗೊತ್ತು, ಇವತ್ತಿನ ಆಟ ಹೇಗಿದೆ ಎಂಬುದಷ್ಟೇ ಪ್ರಶ್ನೆ. ಇಲ್ಲಿ ನಾಯಕಿ ಬದಲಾಗುತ್ತಾಳೆ: ಜಯಂತಿ, ಲಕ್ಷ್ಮಿ, ರೇಖಾ. ಬಣ್ಣವಿಲ್ಲದ ಕಾಲದ ನೆರಳು–ಬೆಳಕನ್ನೂ ಗಮನಿಸಿ. ಅಗ್ಗದ ಸೆಟ್ಟಿನ ಗೋಡೆಯನ್ನು ಕತ್ತಲೆ ಚೆನ್ನಾಗಿ ಮುಚ್ಚುತ್ತದೆ.

ಇನ್ನು ಆ ಡಿವಿಡಿ ಚಿತ್ರಗಳಲ್ಲಿ ಹೊಡೆದಾಟವನ್ನು ದೂರದಿಂದ ತೋರಿಸುತ್ತಾರೋ ಇಲ್ಲವೋ ನೋಡಿ. ಥಿಯೇಟರಿನಲ್ಲಿ ಬಂದ ‘ಅನ್‌ಡಿಸ್ಪ್ಯೂಟೆಡ್’ (2002) ಬಾಕ್ಸಿಂಗ್ ಚಿತ್ರ. 2006ರಲ್ಲಿ ನೇರ ವಿಡಿಯೊಗೆ ಬಂದ ಎರಡನೆಯ ಭಾಗದಲ್ಲಿ ನಿರ್ದೇಶಕ ಐಸಾಕ್ ಫ್ಲೊರೆಂಟೀನ್ ಕ್ಯಾಮೆರಾವನ್ನು ಹಿಂದೆ ಸರಿಸಿದರು. ಸ್ಕಾಟ್ ಆಡ್ಕಿನ್ಸ್ ನೆಗೆದು ತಿರುಗಿ ಒದೆಯುವಾಗ ತಲೆಯಿಂದ ಪಾದದವರೆಗೆ ಇಡೀ ಮೈ ಕಾಣುತ್ತದೆ. ದುಡ್ಡಿಲ್ಲದ ಕಡೆ ಮೈಯೇ ಬಂಡವಾಳ. ಅಲ್ಲಿ ಖಳನಾಗಿದ್ದ ಆಡ್ಕಿನ್ಸ್‌ರ ಪಾತ್ರ ಬೊಯ್ಕಾ 2010ರ ಮೂರನೆಯ ಭಾಗದಲ್ಲಿ ನಾಯಕನಾದ. ಸರಣಿಗೆ ಹೊಸ ಜೀವ ಬಂತು.

ಸುಸ್ತನ್ನು ಗುರುತಿಸುವುದು ಕೊನೆಯ ಪಾಠ. ಪೋಸ್ಟರಿನಲ್ಲಿ ದೊಡ್ಡದಾಗಿರುವ ನಟ ತೆರೆಯ ಮೇಲೆ ಕುರ್ಚಿ ಬಿಟ್ಟೇಳದಿದ್ದರೆ, ಏಟಿಗೊಂದು ಕಟ್ ಬಿದ್ದು ಯಾರು ಯಾರಿಗೆ ಹೊಡೆದರೆಂದೇ ತಿಳಿಯದಿದ್ದರೆ, ಹೆಸರಿನ ಮುಂದಿನ ಅಂಕಿ ಮಾತ್ರ ಹೊಸದಾಗಿದ್ದರೆ, ಸರಣಿ ಸತ್ತಿದೆ.

ದೊರೆ–ಭಗವಾನರಿಗೆ ನಿಲ್ಲಿಸುವುದೂ ಗೊತ್ತಿತ್ತು. ಎರಡು ವರ್ಷದಲ್ಲಿ ಮೂರು ಚಿತ್ರ ಮುಗಿಸಿ ‘ಕಸ್ತೂರಿ ನಿವಾಸ’, ‘ಎರಡು ಕನಸು’ಗಳತ್ತ ಹೊರಳಿದರು. ನಾಲ್ಕನೆಯದು, ‘ಆಪರೇಷನ್ ಡೈಮಂಡ್ ರಾಕೆಟ್’, ಬಂದದ್ದು 1978ರಲ್ಲಿ. ಬಣ್ಣದಲ್ಲಿ, ರಾಜ್ ಇಂಗ್ಲಿಷಿನಲ್ಲಿ ಹಾಡಿದ ಹಾಡಿನೊಂದಿಗೆ. ಹೊಸದೇನಾದರೂ ಇದ್ದರೆ ಮಾತ್ರ ಮುಂದಿನ ಭಾಗ ತೆಗೆಯಬೇಕು. ಇಲ್ಲದಿದ್ದರೆ ನೋಡುಗರು ಅರ್ಧಕ್ಕೇ ಎದ್ದು ಹೋಗಲಿ, ಅದರಲ್ಲಿ ತಪ್ಪೇನಿಲ್ಲ.