ಬರ್ಲಿನ್ ದಿನಚರಿಯ ನುಡಿ: ಒಂದು ವಿವೇಚನೆ

1945ರ ಏಪ್ರಿಲ್ 20ರಿಂದ ಜೂನ್ 22ರವರೆಗಿನ ಬರ್ಲಿನ್ ನಗರದ ಅನುಭವಗಳನ್ನು ಅನಾಮಿಕ ಪತ್ರಕರ್ತೆಯೊಬ್ಬಳು ದಿನಚರಿಯ ರೂಪದಲ್ಲಿ ದಾಖಲಿಸಿರುವ ಕೃತಿ 'ಬರ್ಲಿನ್‌ನ ಒಬ್ಬ ಹೆಂಗಸು'. ಸೋವಿಯತ್ ಸೇನೆಯ ವಶವಾದ ನಗರದ ಸ್ತ್ರೀಯರ ಯಾತನೆಯ ಸಾಕ್ಷ್ಯವೆಂದು ಅದನ್ನು ಓದುವುದು ರೂಢಿ. ಈ ಓದಿನಲ್ಲಿ ಹಿಂದೆ ಸರಿಯುವುದು ಅದರ ಭಾಷೆ.

ನೆಲಮಾಳಿಗೆಯ ಆಶ್ರಯ, ಪಂಪಿನ ಮುಂದಿನ ನೀರಿನ ಸರತಿ, ಹಸಿವು, ಅತ್ಯಾಚಾರ ಎಲ್ಲವೂ ಇಲ್ಲಿ ಒಂದೇ ಶುಷ್ಕ, ವ್ಯಂಗ್ಯಮಿಶ್ರಿತ ಧಾಟಿಯಲ್ಲಿ ಬರುತ್ತವೆ. ಹಲವರ ದಾಳಿಗೆ ಸಿಕ್ಕ ನಿರೂಪಕಿ, ಉಳಿದವರನ್ನು ದೂರವಿಡಬಲ್ಲ ಅಧಿಕಾರಿಯೊಬ್ಬನನ್ನು ತಾನೇ ಹುಡುಕಿಕೊಳ್ಳುತ್ತಾಳೆ. ಅವನ ಕಡೆಯಿಂದ ಬರುವ ಆಹಾರದಲ್ಲಿ ಮನೆಯ ಇತರರಿಗೂ ಪಾಲಿದೆ. ಈ ವ್ಯವಹಾರಕ್ಕೆ ಯಾವ ಹೆಸರಿಡಬೇಕೆಂದು ಆಕೆ ತನ್ನನ್ನೇ ನಿಷ್ಠುರವಾಗಿ ಕೇಳಿಕೊಳ್ಳುತ್ತಾಳೆ. ಆಕೆಗೆ ಅಷ್ಟಿಷ್ಟು ರಷ್ಯನ್ ಬರುತ್ತದೆ. ಅದು ರಕ್ಷೆಯೂ ಹೌದು, ಹೊರೆಯೂ ಹೌದು. ಜರ್ಮನ್ ಸೈನಿಕರು ತನ್ನ ಹಳ್ಳಿಯ ಮಕ್ಕಳನ್ನು ಕೊಂದ ಬಗೆಯನ್ನು ತರುಣನೊಬ್ಬ ಹೇಳಿದಾಗ, ಕೂಡಿದ್ದ ಜರ್ಮನರಿಗೆ ಅದನ್ನು ಅನುವಾದಿಸಬೇಕಾದವಳೂ ಅವಳೇ.

1954ರಲ್ಲಿ ಮೊದಲು ಇಂಗ್ಲಿಷಿನಲ್ಲಿ ಬಂದ ಈ ಕೃತಿಯ ಜರ್ಮನ್ ಮೂಲ 1959ರಲ್ಲಿ ಜಿನೀವಾದಿಂದ ಪ್ರಕಟವಾಯಿತು. ಜರ್ಮನಿಯಲ್ಲಿ ಅದಕ್ಕೆ ದೊರೆತದ್ದು ತಿರಸ್ಕಾರ. ಜರ್ಮನ್ ಸ್ತ್ರೀಯರ ಮಾನ ಕಳೆದಳೆಂಬ ಆರೋಪ ಬಂತು; ಮಾನ ಕಳೆದವರು ಯಾರೆಂಬ ಪ್ರಶ್ನೆ ಮಾತ್ರ ಏಳಲಿಲ್ಲ. ತಾನು ಬದುಕಿರುವವರೆಗೆ ಮರುಮುದ್ರಣ ಬೇಡವೆಂದಳು. 2001ರಲ್ಲಿ ಆಕೆ ತೀರಿಕೊಂಡ ಮೇಲೆ, 2003ರಲ್ಲಿ ಕೃತಿ ಮತ್ತೆ ಬೆಳಕು ಕಂಡು ಅಪಾರ ಓದುಗರನ್ನು ಪಡೆಯಿತು. ಹಸ್ತಪ್ರತಿಗೂ ಮುದ್ರಿತ ಪಾಠಕ್ಕೂ ಗಣನೀಯ ವ್ಯತ್ಯಾಸಗಳಿರುವುದನ್ನು 2019ರಲ್ಲಿ ಪ್ರಕಟವಾದ ಅಧ್ಯಯನ ತೋರಿಸಿದೆ. ಆದ್ದರಿಂದ ಈ ದಿನಚರಿಯನ್ನು ಅಂದಂದಿನ ಬರಹವೆಂದು ಯಥಾವತ್ತಾಗಿ ಉದ್ಧರಿಸುವ ಸಂಶೋಧಕರು ಎಚ್ಚರ ವಹಿಸಬೇಕು. ಹಾಗೆಂದು ಸಾಕ್ಷ್ಯವೇ ಸುಳ್ಳೆನ್ನುವುದು ಆತುರದ ಮಾತು. ಆ ಶುಷ್ಕ ಧಾಟಿಯನ್ನು ಆಘಾತದಿಂದ ಹುಟ್ಟಿದ ಜಡತೆಯೆಂದಷ್ಟೇ ವಿವರಿಸಲು ಇನ್ನು ಸಾಧ್ಯವಿಲ್ಲ. ತಿದ್ದುವಾಗಲೂ ಲೇಖಕಿ ಕರುಣರಸಕ್ಕೆ ಎಡೆಗೊಡಲಿಲ್ಲ ಎಂಬುದೇ ಇಲ್ಲಿ ಮುಖ್ಯ.

ಈ ಆಯ್ಕೆಯ ಬೆಲೆ ಒಂದು ಪದದಲ್ಲಿ ಸ್ಪಷ್ಟವಾಗುತ್ತದೆ. ಅತ್ಯಾಚಾರವನ್ನು ಸೂಚಿಸುವ 'ಶೆಂಡುಂಗ್' ಎಂಬ ಜರ್ಮನ್ ಪದದ ಬೇರು ಲಜ್ಜೆ, ಕಳಂಕ ಎಂಬ ಅರ್ಥದ ಪದದಲ್ಲಿದೆ. ಕನ್ನಡದ 'ಮಾನಭಂಗ', 'ಶೀಲಹರಣ'ಗಳಲ್ಲಿಯೂ ಇದೇ ದೋಷ: ಎಸಗಿದವನ ಕೃತ್ಯಕ್ಕೆ ಅನುಭವಿಸಿದವಳ ಕಳಂಕದ ಹೆಸರು. ದಿನಚರಿಯ ಟಿಪ್ಪಣಿಗಳಲ್ಲಿ ಆ ಪದ ಕೆಲವೇ ವ್ಯಂಜನಗಳ ಸಂಕ್ಷೇಪವಾಗಿ ಮೊಟಕುಗೊಳ್ಳುತ್ತದೆ. ಯುದ್ಧದಿಂದ ಮರಳಿದ ಪ್ರಿಯಕರ ಆ ಪುಸ್ತಕಗಳನ್ನು ತಿರುವಿ ಹಾಕಿ, ಸಂಕ್ಷೇಪದ ಅರ್ಥವೇನೆಂದು ಕೇಳುತ್ತಾನೆ. ಆಕೆ ನಕ್ಕುಬಿಡುತ್ತಾಳೆ. ಅವನು ಅಲ್ಲಿ ಉಳಿಯುವುದಿಲ್ಲ.