ಕಾರಣಿಕದ ನುಡಿಯೂ ಶ್ರೋತೃವಿನ ಅರ್ಥವೂ

ಧ್ವನಿಯನ್ನು ಕೇಳಿ ಭವಿಷ್ಯವನ್ನು ಅರಿಯುವ ಪದ್ಧತಿಗಳು ಕನ್ನಡ ನಾಡಿನಲ್ಲಿ ಹಲವು. ಹಲ್ಲಿ ಲೊಚಗುಟ್ಟಿದರೆ ಶಕುನವೆಂದೆಣಿಸುವರು. ಬುಡುಬುಡಿಕೆಯವನು ಹಾಲಕ್ಕಿಯ ದನಿಯನ್ನು ಕೇಳಿ ಬಂದೆನೆಂದು ನಸುಕಿನಲ್ಲಿ ಬಾಗಿಲಿಗೆ ನಿಂತು ಮನೆಯವರ ಶುಭಾಶುಭಗಳನ್ನು ನುಡಿಯುವನು. ಆಕಸ್ಮಿಕವಾಗಿ ಕಿವಿಗೆ ಬಿದ್ದ ಪರರ ಮಾತನ್ನು ದೈವದ ಉತ್ತರವೆಂದು ಗ್ರಹಿಸುವದಕ್ಕೆ ಸಂಸ್ಕೃತದಲ್ಲಿ ಉಪಶ್ರುತಿಯೆಂದು ಹೆಸರು. ಈ ಸಾಲಿನಲ್ಲಿ ಮೈಲಾರಲಿಂಗನ ಕಾರಣಿಕವು ವಿಶಿಷ್ಟವಾದುದು. ಅದು ಶಕುನವೂ ಅಹುದು, ವಾಙ್ಮಯವೂ ಅಹುದು. ಆದರೂ ನುಡಿಯು ನಿಜವಾಯಿತೋ ಸುಳ್ಳಾಯಿತೋ ಎಂಬ ವಾದದಲ್ಲಿಯೇ ಅದರ ವಿಚಾರವು ಸಾಮಾನ್ಯವಾಗಿ ಮುಗಿದುಹೋಗುವದು. ವಾಙ್ಮಯದೃಷ್ಟಿಯಿಂದ ನೋಡಿದರೆ ಪ್ರಶ್ನೆಯೇ ಬೇರೆಯಾಗುವದು: ಈ ನುಡಿಗೆ ಅರ್ಥವು ಎಲ್ಲಿಂದ ಬರುವದು?

ಕಾರಣಿಕವು ನಡೆಯುವ ಕ್ಷೇತ್ರಗಳಲ್ಲಿ ಎರಡು ಪ್ರಸಿದ್ಧವಾಗಿವೆ. ಒಂದು ಹೂವಿನಹಡಗಲಿ ತಾಲೂಕಿನ ಮೈಲಾರ. ಮೊದಲು ಬಳ್ಳಾರಿ ಜಿಲ್ಲೆಗೆ ಸೇರಿದ್ದ ಈ ಊರು ೨೦೨೧ರಿಂದ ವಿಜಯನಗರ ಜಿಲ್ಲೆಯಲ್ಲಿದೆ. ಇನ್ನೊಂದು ರಾಣೆಬೆನ್ನೂರು ತಾಲೂಕಿನ ದೇವರಗುಡ್ಡ. ೧೯೯೭ರಲ್ಲಿ ಹಾವೇರಿ ಜಿಲ್ಲೆಯು ಬೇರ್ಪಡುವವರೆಗೆ ಇದು ಧಾರವಾಡ ಜಿಲ್ಲೆಯದೇ ಆಗಿತ್ತು. ಮೈಲಾರದಲ್ಲಿ ಭಾರತ ಹುಣ್ಣಿವೆಯ ಜಾತ್ರೆಯ ಕಾಲಕ್ಕೆ, ದೇವರಗುಡ್ಡದಲ್ಲಿ ಮಹಾನವಮಿಯ ಕಾಲಕ್ಕೆ ಕಾರಣಿಕವಾಗುವದು. ವ್ರತಸ್ಥನಾದ ಗೊರವನು ನೆಟ್ಟನೆ ನಿಲ್ಲಿಸಿದ ಎತ್ತರದ ಬಿಲ್ಲನ್ನೇರಿ ಆಕಾಶವನ್ನು ದಿಟ್ಟಿಸಿ ‘ಸದ್ದಲೇ’ ಎಂದು ಕೂಗುವನು. ಲಕ್ಷಾಂತರ ಜನರ ಗದ್ದಲವು ಒಮ್ಮೆಲೇ ಅಡಗುವದು. ಆ ಮೌನದಲ್ಲಿ ಒಂದೇ ಒಂದು ವಾಕ್ಯ, ಕೊನೆಗೆ ‘ಪರಾಕ್’. ಒಡನೆ ಆತನು ಬಿಲ್ಲಿನಿಂದ ಕೆಳಕ್ಕೆ ಬೀಳುವನು, ಕೆಳಗಿನವರು ಆತನನ್ನು ಹಿಡಿದುಕೊಳ್ಳುವರು. ನುಡಿದವನು ವ್ಯಾಖ್ಯಾನವನ್ನು ಕೊಡುವದಿಲ್ಲ.

ವಾಚ್ಯಾರ್ಥದ ಆಚೆಗಿನ ಅರ್ಥವು ಹೊಳೆಯಬೇಕಾದರೆ ಹೇಳುವವನು, ಕೇಳುವವನು, ದನಿಯ ಏರಿಳಿತವಾದ ಕಾಕು, ಪ್ರಕರಣ ಮೊದಲಾದವು ಕಾರಣವಾಗುವವೆಂದು ಮಮ್ಮಟನು ಕಾವ್ಯಪ್ರಕಾಶದಲ್ಲಿ ಎಣಿಸಿದ್ದಾನೆ. ಈ ಒರೆಗಲ್ಲಿಗೆ ಕಾರಣಿಕವನ್ನು ಹಚ್ಚಿದರೆ ಅದರ ರಚನೆಯು ಸ್ಪಷ್ಟವಾಗುವದು. ಇಲ್ಲಿ ಹೇಳುವವನು ಗೊರವನಲ್ಲ, ಆತನ ಬಾಯಿಂದ ದೇವರೇ ನುಡಿದನೆಂದು ಭಕ್ತರ ನಂಬುಗೆ. ಆದುದರಿಂದ ವಕ್ತೃವಿನ ಅಭಿಪ್ರಾಯವನ್ನು ಕೇಳುವ ದಾರಿಯೇ ಇಲ್ಲ. ಪ್ರಕರಣವೂ ಇಲ್ಲ, ನುಡಿಗೆ ಹಿಂದಿನ ಮಾತಿಲ್ಲ, ಮುಂದಿನ ಮಾತಿಲ್ಲ. ಉಳಿದವರು ಕೇಳುವವರು ಮಾತ್ರ. ಕಾವ್ಯದಲ್ಲಿ ಪ್ರಕರಣವು ಧ್ವನ್ಯರ್ಥಕ್ಕೆ ಎಲ್ಲೆಯನ್ನು ಕಟ್ಟಿದರೆ ಕಾರಣಿಕದಲ್ಲಿ ಆ ಎಲ್ಲೆಯನ್ನು ಪ್ರತಿಯೊಬ್ಬ ಶ್ರೋತೃವೂ ತನ್ನ ಬಾಳಿನಿಂದಲೇ ತರಬೇಕಾಗುವದು.

೨೦೨೩ರ ಫೆಬ್ರುವರಿಯಲ್ಲಿ ಮೈಲಾರದಲ್ಲಾದ ಕಾರಣಿಕವನ್ನು ಉದಾಹರಣೆಗೆ ತೆಗೆದುಕೊಳ್ಳಬಹುದು. ಅಂಬಲಿಯು ಹಳಸಿದುದೂ ಕಂಬಳಿಯು ಬೀಸಿದುದೂ ಅದರಲ್ಲಿ ಒಂದೇ ಉಸಿರಿನಲ್ಲಿ ಬಂದಿವೆ. ಎರಡನ್ನೂ ಕೂಡಿಸಿದ್ದು ಮೊದಲು ಅರ್ಥವಲ್ಲ, ಶಬ್ದ. ಅಂಬಲಿ, ಕಂಬಳಿ ಎಂಬ ನಾದಸಾಮ್ಯವು ಕಿವಿಯನ್ನು ಹಿಡಿದ ಮೇಲೆಯೇ ಮನಸ್ಸು ಸಂಬಂಧವನ್ನು ಹುಡುಕತೊಡಗುವದು. ಅಂಬಲಿಯು ಹಳಸುವದೆಂದರೆ ಉಣ್ಣುವ ಅನ್ನಕ್ಕೆ ಕೇಡೆನ್ನಬಹುದು; ಉಂಡು ಮಿಗುವಷ್ಟು ಸಮೃದ್ಧಿಯೆಂದೂ ಎನ್ನಬಹುದು. ಕಂಬಳಿಯು ಮಳೆಗೆ ಹೊದೆಯುವ ವಸ್ತು, ಗೊರವನ ವೇಷ, ಕುರುಬರ ಕುಲದ ಗುರುತು. ಆ ವರ್ಷದ ಮೇ ತಿಂಗಳಲ್ಲಿ ವಿಧಾನಸಭೆಯ ಚುನಾವಣೆಯಿತ್ತು. ನುಡಿಗೆ ರಾಜಕೀಯದ ಅರ್ಥಗಳು ಹುಟ್ಟಿದುದು ಸಹಜವೇ. ಆದರೆ ಅದೇ ವರ್ಷ ಮಳೆಯು ಕೈಕೊಟ್ಟು ರಾಜ್ಯದ ೨೩೬ ತಾಲೂಕುಗಳಲ್ಲಿ ೨೨೩ನ್ನು ಸರಕಾರವು ಬರಪೀಡಿತವೆಂದು ಸಾರಿತು. ಹೊಲದ ಚಿಂತೆಯಿಂದ ಕೇಳಿದ ರೈತನಿಗೆ ಹಳಸಿದ ಅಂಬಲಿಯು ಸಿಂಹಾಸನದ ಮಾತಾಗಿರಲಾರದು.

ಇಷ್ಟು ಸಡಿಲವಾದ ನುಡಿಯು ಯಾವ ಘಟನೆಗಾದರೂ ಹೊಂದೀತೆಂದು ಆಕ್ಷೇಪಿಸುವವರುಂಟು. ಭವಿಷ್ಯಜ್ಞಾನದ ಪ್ರಮಾಣವಾಗಿ ಕಾರಣಿಕವನ್ನು ಮುಂದಿಡುವವರಿಗೆ ಈ ಆಕ್ಷೇಪವು ಸರಿಯಾದ ಉತ್ತರವೇ. ಆದರೆ ಅದು ರೂಪದ ದೋಷವಲ್ಲ, ರೂಪದ ಲಕ್ಷಣ. ಗ್ರೀಕರ ಡೆಲ್ಫಿಯೊಡನೆ ಹೋಲಿಸಿದರೆ ಇದು ತಿಳಿಯುವದು. ಪರ್ಸಿಯನರ ದಾಳಿಯು ಒದಗಿದಾಗ ಅಥೆನ್ಸಿನವರಿಗೆ ಮರದ ಗೋಡೆಯು ಕಾಯುವದೆಂಬ ನುಡಿ ಬಂದಿತು, ಥೆಮಿಸ್ಟೊಕ್ಲಿಸನು ಅದನ್ನು ಹಡಗುಗಳೆಂದು ಅರ್ಥೈಸಿದನು, ಕ್ರಿ. ಪೂ. ೪೮೦ರಲ್ಲಿ ಸಲಾಮಿಸಿನ ಕಡಲಲ್ಲಿ ಗೆಲವಾಯಿತು. ಅಲ್ಲಿ ಪ್ರಶ್ನೆಯು ಮೊದಲು, ಉತ್ತರವು ಅನಂತರ. ಮೈಲಾರದಲ್ಲಿ ಯಾರೂ ಪ್ರಶ್ನೆಯನ್ನು ಕೇಳುವದಿಲ್ಲ. ಉತ್ತರವು ಒಂದೇ, ಎಲ್ಲರಿಗೂ ಸಮಾನ. ಪ್ರಶ್ನೆಗಳು ಮಾತ್ರ ಕೇಳುಗರಷ್ಟು. ಆದುದರಿಂದ ಒಂದು ವರ್ಷದ ಕಾರಣಿಕವೆಂದರೆ ಒಂದು ವಾಕ್ಯವಷ್ಟೇ ಅಲ್ಲ; ಆ ವಾಕ್ಯದ ಸುತ್ತ ನೆರೆದ ಅರ್ಥಗಳ ಸಮುದಾಯವೂ ಅದರಲ್ಲಿ ಸೇರಿದೆ.

ಇದನ್ನು ಒಪ್ಪಿದರೆ ಸಂಗ್ರಾಹಕರ ಹೊಣೆಯು ಹೆಚ್ಚುವದು. ಧಾರವಾಡದ ಶಂ. ಬಾ. ಜೋಶಿಯವರು ‘ಹಾಲುಮತ ದರ್ಶನ’ದಲ್ಲಿ (೧೯೬೦) ಕುರುಬರ ಸಂಸ್ಕೃತಿಯನ್ನು ವಿದ್ವತ್ತಿನ ವಿಷಯವಾಗಿ ಎತ್ತಿಹಿಡಿದರು. ಇಂದು ಹುಬ್ಬಳ್ಳಿಯಿಂದ ಹೊರಡುವ ಪತ್ರಿಕೆಗಳಲ್ಲಿ ಕಾರಣಿಕದ ವಾಕ್ಯವು ಅಚ್ಚಾಗುವದರಿಂದ ಪಾಠವು ಉಳಿಯುವದು. ಆದರೆ ಅಚ್ಚಿನಲ್ಲಿ ಮೌನವೂ ಇಲ್ಲ, ಕಾಕುವೂ ಇಲ್ಲ. ವ್ಯಾಖ್ಯಾನಗಳಲ್ಲಿಯೂ ರಾಜಕಾರಣಕ್ಕೆ ಹತ್ತಿದ್ದೇ ಮುಂದೆ ಬರುವದು. ಬೀಜಕ್ಕೆ ಸಾಲ ಮಾಡಲೋ ಬೇಡವೋ ಎಂದು ತೂಗುತ್ತ ಜಾತ್ರೆಯಿಂದ ಮರಳುವ ಒಕ್ಕಲಿಗನು, ಕುರಿಗಳನ್ನು ಯಾವ ದಿಕ್ಕಿಗೆ ಹೊಡೆಯಲೆಂದು ಎಣಿಸುವ ಕುರುಬನು ಆ ನುಡಿಗೆ ಕೊಟ್ಟ ಅರ್ಥವು ಬಾಯಲ್ಲಿ ಹುಟ್ಟಿ ಬಾಯಲ್ಲಿಯೇ ಅಳಿಯುವದು. ಜಾನಪದ ಅಭ್ಯಾಸಿಗಳು ಪ್ರತಿ ವರ್ಷದ ನುಡಿಯೊಡನೆ ಧ್ವನಿಮುದ್ರಣವನ್ನೂ ಬೇರೆಬೇರೆ ಕಸುಬಿನ ಕೇಳುಗರ ಅರ್ಥಗಳನ್ನೂ ಅದೇ ದಿನ, ಫಲವು ತಿಳಿಯುವ ಮೊದಲೇ, ಬರೆದಿಡಬೇಕು. ಫಲವು ತಿಳಿದ ಮೇಲೆ ಬರೆದುಕೊಂಡರೆ ಗೆದ್ದವರ ವ್ಯಾಖ್ಯಾನವೊಂದೇ ದೊರೆಯುವದು.