131 ಜಿಬಿ ಹೋಯಿತು, ಆಟ ಉಳಿಯಿತು

2025ರ ಡಿಸೆಂಬರ್ ಮೊದಲ ವಾರದಲ್ಲಿ ಸ್ಟಾಕ್‌ಹೋಮ್‌ನ ಆ್ಯರೋಹೆಡ್ ಸ್ಟುಡಿಯೊ ತನ್ನ ‘ಹೆಲ್‌ಡೈವರ್ಸ್ 2’ ಆಟದ ಒಂದು ಪ್ರಾಯೋಗಿಕ ಆವೃತ್ತಿಯನ್ನು ಪಿಸಿಯಲ್ಲಿ ಆಡುವವರಿಗೆ ಕೊಟ್ಟಿತು. ಅಲ್ಲಿಯವರೆಗೆ ಈ ಆಟ ಕಂಪ್ಯೂಟರಿನಲ್ಲಿ ಸುಮಾರು 154 ಜಿಬಿ ಜಾಗ ಕೇಳುತ್ತಿತ್ತು. ಹೊಸ ಆವೃತ್ತಿ ಕೇಳಿದ್ದು ಸುಮಾರು 23 ಜಿಬಿ. ನೂರಕ್ಕೆ ಎಂಬತ್ತೈದು ಪಾಲು ಹೋಗಿತ್ತು. ಆದರೆ ಒಂದು ಬಂದೂಕು ಕಡಿಮೆಯಾಗಿರಲಿಲ್ಲ, ಒಂದು ಗ್ರಹ ಕಡಿಮೆಯಾಗಿರಲಿಲ್ಲ, ಯಾವ ಚಿತ್ರವೂ ಮಸುಕಾಗಿರಲಿಲ್ಲ, ಯಾವ ಸದ್ದೂ ಅಡಗಿರಲಿಲ್ಲ.

ತಂತ್ರಜ್ಞಾನದ ಸುದ್ದಿಯಾಗಿ ಇದು ಕೆಲವು ದಿನ ಓಡಾಡಿತು. ವಿಮರ್ಶೆಗೂ ಇಲ್ಲಿ ಕೆಲಸವಿದೆ. ಸಾವಿರ ಪುಟದ ಕಾದಂಬರಿಯಿಂದ ಎಂಟುನೂರೈವತ್ತು ಪುಟ ತೆಗೆದರೂ ಓದುವವರಿಗೆ ಒಂದು ವಾಕ್ಯವೂ ತಪ್ಪಿಹೋಗದಿದ್ದರೆ ಆ ಪುಟಗಳಲ್ಲಿ ಇದ್ದದ್ದಾದರೂ ಏನು? ‘ದೊಡ್ಡ ಆಟ’ ಎನ್ನುವಾಗ ನಾವು ಯಾವುದನ್ನು ದೊಡ್ಡದು ಎನ್ನುತ್ತಿದ್ದೇವೆ? ಕನ್ನಡದಲ್ಲಿ ಗಾತ್ರ ಬೇರೆ, ಹರವು ಬೇರೆ. ಗಾತ್ರವನ್ನು ಹೊರಗೆ ನಿಂತು ಅಳೆಯಬಹುದು. ಹರವು ಒಳಹೊಕ್ಕವರಿಗಷ್ಟೇ ತಿಳಿಯುತ್ತದೆ. ಬಹಳ ಜನ ಕೂಡಿ ಆಡುವ ಈ ಹೊತ್ತಿನ ಶೂಟರ್ ಆಟಗಳಲ್ಲಿ ಇವೆರಡೂ ಒಂದರಿಂದೊಂದು ದೂರ ಸರಿದಿವೆ. ಆ ಅಂತರದ ಬೆಲೆಯನ್ನು ತೆರುತ್ತಿರುವುದು ಆಡುವವರು.

2024ರ ಫೆಬ್ರವರಿಯಲ್ಲಿ ಬಂದ ‘ಹೆಲ್‌ಡೈವರ್ಸ್ 2’ರಲ್ಲಿ ನಾಲ್ಕು ಜನರ ತಂಡವೊಂದು ಅನ್ಯಗ್ರಹಕ್ಕೆ ಇಳಿದು, ಹುಳುಗಳನ್ನೋ ರೋಬೊಟ್‌ಗಳನ್ನೋ ಕೊಂದು, ಬದುಕಿದ್ದರೆ ವಾಪಸಾಗುತ್ತದೆ. ‘ಸೂಪರ್ ಅರ್ತ್’ ಎಂಬ ಸರ್ಕಾರ ಇದನ್ನೆಲ್ಲ ಸ್ವಾತಂತ್ರ್ಯ, ಪ್ರಜಾಪ್ರಭುತ್ವದ ಹೆಸರಿನಲ್ಲಿ ಮಾಡಿಸುತ್ತದೆ. ಅಲ್ಲಿ ಸೈನಿಕನ ಜೀವಕ್ಕೆ ಗುಂಡಿನಷ್ಟೂ ಬೆಲೆಯಿಲ್ಲ. ಒಬ್ಬ ಸತ್ತ ಕೂಡಲೇ ಇನ್ನೊಬ್ಬನನ್ನು ಆಕಾಶದಿಂದ ಕೆಳಗೆ ಎಸೆಯುತ್ತಾರೆ. ಯುದ್ಧೋತ್ಸಾಹದ ಮೇಲಿನ ಈ ವಿಡಂಬನೆ ಜನರಿಗೆ ಎಷ್ಟು ಹಿಡಿಸಿತೆಂದರೆ, ಬಿಡುಗಡೆಯಾದ ತಿಂಗಳಲ್ಲೇ ಸ್ಟೀಮ್ ಒಂದರಲ್ಲೇ ನಾಲ್ಕೂವರೆ ಲಕ್ಷಕ್ಕೂ ಹೆಚ್ಚು ಮಂದಿ ಏಕಕಾಲಕ್ಕೆ ಆಡುತ್ತಿದ್ದರು. ಸರ್ವರ್‌ಗಳು ತಾಳಲಾರದೆ ಜನ ಸರದಿಯಲ್ಲಿ ಕಾಯಬೇಕಾಯಿತು.

ತಂಡ ನಾಲ್ಕೇ ಜನರದ್ದಾದರೂ ಯುದ್ಧ ಎಲ್ಲರದ್ದೂ ಒಂದೇ. ಜಗತ್ತಿನ ಯಾವ ಮೂಲೆಯಲ್ಲಿ ಗೆದ್ದ ಕದನವೂ ಒಂದೇ ನಕ್ಷತ್ರಪಟದ ಲೆಕ್ಕಕ್ಕೆ ಸೇರುತ್ತದೆ. ಒಂದು ಗ್ರಹ ಎಷ್ಟು ಶೇಕಡಾ ನಮ್ಮದಾಯಿತು, ಎಷ್ಟು ಕೈಬಿಟ್ಟಿತು ಎಂಬುದು ಎಲ್ಲರಿಗೂ ಕಾಣುತ್ತದೆ. ಹಾಗೆ ಕೈಬಿಟ್ಟ ಗ್ರಹಗಳಲ್ಲಿ ಒಂದು ಮ್ಯಾಲೆವೆಲಾನ್ ಕ್ರೀಕ್. ದಟ್ಟ ಕಾಡು, ಕತ್ತಲು, ಮರಗಳ ಸಂದಿಯಿಂದ ಹಾಯುವ ರೋಬೊಟ್‌ಗಳ ಕೆಂಪು ಗುಂಡು. ಅಲ್ಲಿ ಸೋತವರು ಮತ್ತೆ ಮತ್ತೆ ಅಲ್ಲಿಗೇ ಹೋಗಿ ಸೋತರು. 2024ರ ಏಪ್ರಿಲ್‌ನಲ್ಲಿ ಗ್ರಹ ಮರಳಿ ಕೈಗೆ ಬಂದಾಗ, ಅಲ್ಲಿ ಮಡಿದವರ ನೆನಪಿಗೆಂದು ಸ್ಟುಡಿಯೊ ಹೆಗಲಿಂದ ಇಳಿಬೀಳುವ ಕೇಪ್ ಒಂದನ್ನು ಆಟಗಾರರಿಗೆ ಹಂಚಿತು. ಇಲ್ಲದ ಊರೊಂದಕ್ಕಾಗಿ ಇಷ್ಟು ಜನ ಒಟ್ಟಾಗಿ ದುಃಖಪಡುವುದು ಅಪರೂಪ.

ಈ ಮ್ಯಾಲೆವೆಲಾನ್ ಕ್ರೀಕ್ ಡಿಸ್ಕ್‌ನಲ್ಲಿ ಎಷ್ಟು ಜಾಗ ಹಿಡಿದಿತ್ತು? ಸಿದ್ಧವಾಗಿ ಬರೆದಿಟ್ಟ ನಕ್ಷೆ ಎಂಬ ಅರ್ಥದಲ್ಲಿ ಅದು ಡಿಸ್ಕ್‌ನಲ್ಲಿ ಇರಲೇ ಇಲ್ಲ. ಕದನ ಶುರುವಾಗುವಾಗ ಆಟ ತನ್ನಲ್ಲಿರುವ ಮರ, ಬಂಡೆ, ಕಟ್ಟಡ, ಬೆಳಕುಗಳನ್ನು ಒಂದು ಪಾಕದ ಪ್ರಕಾರ ಜೋಡಿಸಿ ನೆಲವನ್ನು ಆಗಲೇ ಹುಟ್ಟಿಸುತ್ತದೆ. ಗ್ರಹದ ಸೋಲು ಗೆಲುವು ಸರ್ವರ್‌ನಲ್ಲಿರುವ ಒಂದು ಸಂಖ್ಯೆ. ಆಟಗಾರರ ನೆನಪಿನಲ್ಲಿ ಅತಿ ದೊಡ್ಡದಾಗಿ ಉಳಿದ ಜಾಗಕ್ಕೆ ಹೀಗೆ ಒಂದು ಪಾಕವೂ ಒಂದು ಅಂಕಿಯೂ ಸಾಕಾಗಿದ್ದವು.

ಹಾಗಾದರೆ ಆ 131 ಜಿಬಿ? ಅದರಲ್ಲಿ ಇದ್ದದ್ದು ನಕಲುಗಳು. ಹಳೆಯ ಹಾರ್ಡ್ ಡಿಸ್ಕ್‌ನಲ್ಲಿ ತಿರುಗುವ ತಟ್ಟೆ, ಅದರ ಮೇಲೆ ಓಡಾಡುವ ಒಂದು ಮುಳ್ಳು ಇರುತ್ತವೆ. ಮುಳ್ಳು ಒಂದೆಡೆಯಿಂದ ಇನ್ನೊಂದೆಡೆಗೆ ಸರಿಯಲು ಸೆಕೆಂಡಿನ ನೂರನೇ ಒಂದು ಭಾಗದಷ್ಟಾದರೂ ಹೊತ್ತು ಹಿಡಿಯುತ್ತದೆ. ಸಾವಿರಾರು ವಸ್ತುಗಳನ್ನು ಹುಡುಕಿ ತರಬೇಕಾದಾಗ ಈ ಚೂರುಪಾರು ಹೊತ್ತೇ ನಿಮಿಷವಾಗುತ್ತದೆ. ಅದಕ್ಕೆ ಕಂಡುಕೊಂಡ ಉಪಾಯ, ಒಂದೇ ಮರ ಹತ್ತು ಕಡೆ ಬೇಕಿದ್ದರೆ ಅದನ್ನು ಹತ್ತು ಕಡೆಯೂ ಬರೆದಿಡುವುದು. ಮುಳ್ಳು ಅಲೆಯಬೇಕಿಲ್ಲ, ಸಾಲಾಗಿ ಓದಿಕೊಂಡು ಹೋದರೆ ಆಯಿತು. 2020ರ ಮಾರ್ಚ್‌ನಲ್ಲಿ ಪ್ಲೇಸ್ಟೇಷನ್ 5ರ ವಿನ್ಯಾಸವನ್ನು ವಿವರಿಸುತ್ತ ಮಾರ್ಕ್ ಸರ್ನಿ ಸ್ಪೈಡರ್‌ಮ್ಯಾನ್ ಆಟದ ಉದಾಹರಣೆ ಕೊಟ್ಟಿದ್ದರು: ನ್ಯೂಯಾರ್ಕ್ ಬೀದಿಯ ಅಂಚೆ ಡಬ್ಬಿಯಂಥ ಕೆಲವು ವಸ್ತುಗಳು ಡಿಸ್ಕ್‌ನಲ್ಲಿ ನಾನೂರು ಸಲ ಇದ್ದವು. ಎಸ್‌ಎಸ್‌ಡಿಯಲ್ಲಿ ಮುಳ್ಳೇ ಇಲ್ಲ. ಅಲ್ಲಿ ಈ ನಕಲುಗಳಿಂದ ಪ್ರಯೋಜನವೂ ಇಲ್ಲ.

ಆ್ಯರೋಹೆಡ್‌ನವರು ನಕಲು ಮಾಡಿದ್ದು ಸೋಮಾರಿತನದಿಂದಲ್ಲ. ಹಾರ್ಡ್ ಡಿಸ್ಕ್ ಇರುವವರಿಗೆ ಆಟ ತೆರೆಯಲು ವಿಪರೀತ ಹೊತ್ತು ಹಿಡಿದೀತು ಎಂಬ ಆತಂಕದಿಂದ. ಒಬ್ಬನ ಯಂತ್ರ ನಿಧಾನವಾದರೆ ತಂಡದ ಉಳಿದ ಮೂವರೂ ಕಾಯಬೇಕು. ಆದರೆ ಆ ಆತಂಕವನ್ನು ಅವರು ತಮ್ಮ ಆಟದಲ್ಲೇ ಅಳೆದು ನೋಡಿರಲಿಲ್ಲ. ಉದ್ಯಮದಲ್ಲಿ ಚಾಲ್ತಿಯಲ್ಲಿದ್ದ ಅಂಕಿಗಳನ್ನು ನಂಬಿದ್ದರು. ಅದನ್ನು ಅವರೇ ಬರೆದುಕೊಂಡಿದ್ದಾರೆ. ಕೊನೆಗೆ ಅಳೆದಾಗ ತಿಳಿದದ್ದು, ಹಾರ್ಡ್ ಡಿಸ್ಕ್‌ನಲ್ಲಿ ಆಡುವವರು ನೂರಕ್ಕೆ ಹನ್ನೊಂದು ಮಂದಿ. ನಕಲು ತೆಗೆದರೆ ಅವರಿಗೂ ಹೆಚ್ಚಾಗುವುದು ಕೆಲವೇ ಸೆಕೆಂಡು. ಹೊತ್ತು ಹಿಡಿಯುತ್ತಿದ್ದದ್ದು ಮುಖ್ಯವಾಗಿ ನೆಲವನ್ನು ಹುಟ್ಟಿಸುವ ಲೆಕ್ಕಾಚಾರ, ಡಿಸ್ಕ್‌ನ ಓದಲ್ಲ.

ಇಲ್ಲಿನ ವ್ಯಂಗ್ಯ ಗಮನಿಸಬೇಕು. ಹಳೆಯ ಯಂತ್ರ ಇರುವವರ ಮೇಲಿನ ಕಾಳಜಿಯಿಂದ ಮಾಡಿದ ಏರ್ಪಾಡು ಅದು. ಡಿಸ್ಕ್‌ನಲ್ಲಿ ಜಾಗದ ಕೊರತೆ ಇರುವುದೂ ಹೆಚ್ಚಾಗಿ ಅವರಿಗೇ. 256 ಜಿಬಿಯ ಡಿಸ್ಕ್ ಇರುವವರ ಮನೆಯೊಳಗೆ ಬಂದು ಅರ್ಧಕ್ಕಿಂತ ಹೆಚ್ಚು ಜಾಗದಲ್ಲಿ ಕಾಲುಚಾಚಿ, ‘ನಿಮಗೆ ತೊಂದರೆಯಾಗದಿರಲಿ ಅಂತ’ ಎಂದ ಹಾಗಾಯಿತು. ಸ್ಟುಡಿಯೊಗೆ ಈ ನಕಲಿನ ಖರ್ಚು ಹೆಚ್ಚು ಕಾಣುವುದಿಲ್ಲ. ಡಿಸ್ಕ್ ಅವರದ್ದಲ್ಲ, ಡೌನ್‌ಲೋಡಿಗೆ ತಿಂಗಳ ಬಿಲ್ಲು ಕಟ್ಟುವವರೂ ಅವರಲ್ಲ. ಕಾಣದ ಖರ್ಚನ್ನು ಯಾರೂ ಅಳೆಯುವುದಿಲ್ಲ. ಬಿಡುಗಡೆಯಾಗಿ ಹೆಚ್ಚುಕಡಿಮೆ ಎರಡು ವರ್ಷ ಹಾಗೇ ನಡೆಯಿತು.

ಎಲ್ಲ ಭಾರವೂ ನಕಲಿನದ್ದಲ್ಲ ಎಂಬುದನ್ನೂ ಹೇಳಬೇಕು. 2019ರ ಅಕ್ಟೋಬರ್‌ನಲ್ಲಿ ಬಂದ ‘ಕಾಲ್ ಆಫ್ ಡ್ಯೂಟಿ: ಮಾಡರ್ನ್ ವಾರ್‌ಫೇರ್’ ಪಿಸಿಯಲ್ಲಿ 175 ಜಿಬಿ ಖಾಲಿ ಇಟ್ಟುಕೊಳ್ಳಿ ಎಂದು ಮೊದಲೇ ಹೇಳಿತ್ತು. 2020ರ ಮಾರ್ಚ್‌ನಲ್ಲಿ ಅದಕ್ಕೆ ಜೊತೆಯಾಗಿ, 150 ಜನ ಒಂದೇ ನೆಲದಲ್ಲಿ ಹೋರಾಡುವ ಉಚಿತ ಆಟ ‘ವಾರ್‌ಜೋನ್’ ಬಂತು. ಎರಡೂ ಸೇರಿ 200 ಜಿಬಿ ದಾಟಿದವು. 500 ಜಿಬಿಯ ಪ್ಲೇಸ್ಟೇಷನ್ 4 ಇದ್ದವರು ಅದೊಂದಕ್ಕೆ ಜಾಗ ಮಾಡಲು ಉಳಿದ ಆಟಗಳನ್ನು ಅಳಿಸಬೇಕಾಯಿತು. 2021ರ ಮಾರ್ಚ್‌ನ ಒಂದು ಪರಿಷ್ಕರಣೆ ಪಿಸಿಯಲ್ಲಿ 30 ಜಿಬಿಗೂ ಹೆಚ್ಚು ಜಾಗ ಬಿಟ್ಟುಕೊಟ್ಟಿತು.

ಇಲ್ಲಿ ಭಾರ ಇರುವುದು ಬಹುಪಾಲು ಟೆಕ್ಸ್‌ಚರ್‌ಗಳಲ್ಲಿ, ಅಂದರೆ ವಸ್ತುಗಳ ಮೈಗೆ ಹೊದಿಸುವ ಚಿತ್ರಗಳಲ್ಲಿ. ಬದಿಗೆ 2,048 ಚುಕ್ಕೆಗಳಿರುವ ಚೌಕದ ಚಿತ್ರಕ್ಕೆ ಚುಕ್ಕೆಗೊಂದು ಬೈಟ್ ಹಿಡಿದರೆ 4 ಎಂಬಿ. ಬದಿಯನ್ನು ಇಮ್ಮಡಿ ಮಾಡಿದರೆ ಅದು ನಾಲ್ಕು ಪಟ್ಟಾಗಿ 16 ಎಂಬಿ. ಬಣ್ಣಕ್ಕೊಂದು, ಉಬ್ಬುತಗ್ಗಿಗೊಂದು, ಹೊಳಪಿಗೊಂದು ಎಂದು ಮೂರು ಪದರ ಬೇಕಾದರೆ ಒಂದು ಗೋಡೆಯ ತುಣುಕಿಗೇ 48 ಎಂಬಿ. ನಿಜವಾದ ವಸ್ತುಗಳನ್ನು ನೂರಾರು ಕೋನಗಳಿಂದ ಛಾಯಾಚಿತ್ರ ತೆಗೆದು ಆಟದೊಳಗೆ ತಂದ ಈ ಗೋಡೆಗಳು ಚೆನ್ನಾಗಿಯೇ ಇವೆ. ವರ್ಡಾನ್ಸ್ಕ್ ಎಂಬ ಆ ನಗರದ ಸುಣ್ಣ ಉದುರಿದ ಅಪಾರ್ಟ್‌ಮೆಂಟುಗಳಲ್ಲಿ, ತುಕ್ಕು ಹಿಡಿದ ಗೋದಾಮುಗಳಲ್ಲಿ, ಜನ ಬಿಟ್ಟುಹೋದ ಊರಿನ ಭಾವ ನಿಜಕ್ಕೂ ಇದೆ. ಅದು ಸುಳ್ಳಲ್ಲ.

ಆದರೆ ಆಡುವಾಗ ಎದೆ ಹೊಡೆದುಕೊಳ್ಳುವುದು ಸುಣ್ಣಕ್ಕಲ್ಲ. ಮೂರನೇ ಮಹಡಿಯ ಕಿಟಕಿಯಲ್ಲಿ ಯಾರೋ ಇದ್ದಾರೆ ಎಂಬುದಕ್ಕೆ. ಆ ‘ಯಾರೋ’ ಜಾಲದಲ್ಲಿ ಹಾದುಬರುವ ಕೆಲವು ಸಂಖ್ಯೆಗಳು ಮಾತ್ರ: ಎಲ್ಲಿದ್ದಾನೆ, ಎತ್ತ ನೋಡುತ್ತಿದ್ದಾನೆ, ಗುಂಡು ಹಾರಿಸಿದನೇ. ಇಂಥ ಆಟದ ಹರವನ್ನು ಹುಟ್ಟಿಸುವುದು ಅಪರಿಚಿತರ ಇರುವಿಕೆ, ಅವರಿಗೂ ನಮಗೂ ನಡುವಿನ ಬಯಲು, ಕಿರಿದಾಗುತ್ತ ಬರುವ ಹೊತ್ತು. ಡಿಸ್ಕ್‌ನ ಲೆಕ್ಕದಲ್ಲಿ ಇವೆಲ್ಲ ಹಗುರ. ತೂಗುವುದು ಓಡುವಾಗ ಕಣ್ಣು ನಿಲ್ಲದ ಗೋಡೆ. ಅಲಂಕಾರ ತನ್ನಷ್ಟಕ್ಕೆ ಎಷ್ಟು ಚೆಂದವಾದರೂ ಇರುವ ಜಾಗಕ್ಕೆ ಒಪ್ಪಬೇಕು ಎನ್ನುವ ಔಚಿತ್ಯದ ವಿಚಾರ ನಮ್ಮ ಕಾವ್ಯಚಿಂತನೆಗೆ ಹಳೆಯದು. ಅದನ್ನು ಇಲ್ಲಿಗೂ ತರಬಹುದು.

ಹಾಗೆಂದು ಚಿಕ್ಕದೆಲ್ಲ ಚೊಕ್ಕ ಎನ್ನಲಾಗದು. 2004ರಲ್ಲಿ ಜರ್ಮನಿಯ ಗುಂಪೊಂದು ‘ಕ್ರೀಗರ್’ ಎಂಬ ಶೂಟರ್ ಆಟವನ್ನು ಬರೀ 96 ಕೆಬಿಯಲ್ಲಿ ಹಿಡಿಸಿತ್ತು. ಚಿತ್ರಗಳನ್ನು ಇಟ್ಟುಕೊಳ್ಳದೆ, ಅವುಗಳನ್ನು ಬರೆಯುವ ಸೂತ್ರಗಳನ್ನಷ್ಟೇ ಇಟ್ಟುಕೊಂಡಿತ್ತು. ಸಾಹಸವಾಗಿ ಅದು ಬೆರಗು. ಆಟವಾಗಿ ಕೆಲವೇ ನಿಮಿಷದ ಕಾರಿಡಾರು. ಕಡಿಮೆ ಜಾಗವೇ ಗುಣ ಎಂದರೆ ಅದು ತೂಕವನ್ನೇ ಗುಣ ಎನ್ನುವುದರ ಮಗ್ಗುಲು ಬದಲಿಸಿದ ರೂಪ. ಕೇಳಬೇಕಾದದ್ದು ಬೇರೆ: ಕೇಳಿದ ಜಾಗಕ್ಕೆ ಆಟ ಏನು ಕೊಡುತ್ತದೆ?

ಈ ಪ್ರಶ್ನೆಗೆ ಒಂದು ಉತ್ತರ ನಮ್ಮ ನಡುವೆಯೇ ಇದೆ. ಭಾರತದಲ್ಲಿ ಬಹಳ ಜನ ಇಂಥ ಆಟ ಕಲಿತದ್ದು ಕನ್ಸೋಲಿನಲ್ಲಲ್ಲ, ಫೋನಿನಲ್ಲಿ. 2018ರಲ್ಲಿ ಬಂದ ‘ಪಬ್‌ಜಿ ಮೊಬೈಲ್’, 2020ರ ಸೆಪ್ಟೆಂಬರ್‌ನ ನಿಷೇಧದ ನಂತರ 2021ರಲ್ಲಿ ಅದರ ಬದಲಿಗೆ ಬಂದ ‘ಬಿಜಿಎಮ್ಐ’, ಎರಡೂ ಎರಂಗೆಲ್ ಎಂಬ 8 ಕಿ.ಮೀ. ಉದ್ದ, 8 ಕಿ.ಮೀ. ಅಗಲದ ದ್ವೀಪಕ್ಕೆ ನೂರು ಜನರನ್ನು ಇಳಿಸಿದವು. ಫೋಟೊ, ಬ್ಯಾಂಕು, ವಾಟ್ಸ್ಆ್ಯಪ್ ಎಲ್ಲದರ ಜೊತೆ ಜಾಗ ಹಂಚಿಕೊಂಡೇ ಇಳಿಸಿದವು. ಬೇಕಾದ ನಕ್ಷೆಯನ್ನು ಮಾತ್ರ ಇಳಿಸಿಕೊಂಡು, ಬೇಡದ್ದನ್ನು ಬಿಡಬಹುದು. ಅಲ್ಲಿನ ಹುಲ್ಲು ಒರಟು, ಗೋಡೆ ಚಪ್ಪಟೆ. ಆದರೂ ಗುಡ್ಡದ ಆಚೆ ಜೀಪಿನ ಸದ್ದು ಕೇಳಿದರೆ ಮೈ ಬಿಗಿಯಾಗುವುದು ಹಾಗೆಯೇ. ಹರವಿಗೆ ಏನು ಬೇಕು, ಏನು ಬೇಡ ಎಂಬ ಪರೀಕ್ಷೆಯನ್ನು ಬಸ್ ಸ್ಟ್ಯಾಂಡುಗಳಲ್ಲಿ, ಹಾಸ್ಟೆಲ್ ಕೋಣೆಗಳಲ್ಲಿ ಹುಡುಗರು ಎಂದೋ ಮಾಡಿ ಮುಗಿಸಿದ್ದಾರೆ.

ಇನ್ನೂ ಒಂದು ಮಾತಿದೆ. ಇಷ್ಟು ಜಾಗ ಕೇಳುವ ಆಟ ನಮ್ಮಲ್ಲಿ ಎಷ್ಟು ಕಾಲ ಇರುತ್ತದೆ? ವರ್ಡಾನ್ಸ್ಕ್ ನಗರವನ್ನು 2021ರ ಡಿಸೆಂಬರ್‌ನಲ್ಲಿ ತೆಗೆದು ಕಾಲ್ಡೆರಾ ಎಂಬ ದ್ವೀಪ ತಂದರು. 2023ರ ಸೆಪ್ಟೆಂಬರ್‌ನಲ್ಲಿ ಆ ಮೊದಲ ‘ವಾರ್‌ಜೋನ್’ನ ಸರ್ವರ್‌ಗಳನ್ನೇ ನಿಲ್ಲಿಸಿದರು. ಡಿಸ್ಕ್‌ನಲ್ಲಿ ಪ್ರತಿಯೊಂದು ಇಟ್ಟಿಗೆಯ ಚಿತ್ರ ಉಳಿಸಿಕೊಂಡವರಿಗೂ ಒಳಗೆ ಹೋಗುವ ದಾರಿ ಮುಚ್ಚಿತು. 2025ರ ಏಪ್ರಿಲ್‌ನಲ್ಲಿ ವರ್ಡಾನ್ಸ್ಕ್ ಹೊಸ ‘ವಾರ್‌ಜೋನ್’ಗೆ ಮರಳಿ ಬಂದಾಗ ಜನ ಊರಿಗೆ ಹೋದವರಂತೆ ನುಗ್ಗಿದರು, ಬಾಗಿಲ ಕೀಲಿ ಮಾತ್ರ ಆಗಲೂ ಅವರ ಕೈಯಲ್ಲಿರಲಿಲ್ಲ. ಪುಸ್ತಕ ಕಪಾಟಿನಲ್ಲಿ ಜಾಗ ಹಿಡಿದರೆ ಅದು ನಮ್ಮದಾಗಿ ಹಿಡಿಯುತ್ತದೆ, ಪ್ರಕಾಶಕ ಅಂಗಡಿ ಮುಚ್ಚಿದರೂ ಓದಬಹುದು. ಈ ಆಟಗಳದ್ದು ಬಾಡಿಗೆದಾರನ ಮನೆಯಲ್ಲಿ ಮಾಲೀಕನೇ ತನ್ನ ಸಾಮಾನು ತುಂಬಿಟ್ಟ ವ್ಯವಸ್ಥೆ.

ಆಟಗಳ ವಿಮರ್ಶೆಯಲ್ಲಿ ಗಾತ್ರ ಕೊನೆಗೆ ಬರುತ್ತದೆ, ಪ್ರೊಸೆಸರ್, ರ‍್ಯಾಮ್‌ಗಳ ಪಟ್ಟಿಯ ಪಕ್ಕದಲ್ಲಿ. ಅದನ್ನು ಮೇಲಕ್ಕೆ ತರಬೇಕು. ಒಂದು ಕೃತಿ ನಮ್ಮಿಂದ ಕೇಳುವ ಹೊತ್ತು, ಹಣ, ಗಮನಗಳನ್ನು ತೂಗುವ ಹಾಗೆಯೇ ಕೇಳುವ ಜಾಗವನ್ನೂ ತೂಗಬೇಕು. ಆ್ಯರೋಹೆಡ್‌ನವರು ನಕಲುಗಳನ್ನು ತೆಗೆದದ್ದು ಆಟಗಾರರು ತಿಂಗಳುಗಟ್ಟಲೆ ದೂರಿದ ಮೇಲೆ. ಅಳೆದರು, ಊಹೆ ತಪ್ಪೆಂದು ಬಹಿರಂಗವಾಗಿ ಬರೆದರು, ತೆಗೆದರು. ಸ್ಟುಡಿಯೊಗಳು ಇದನ್ನು ಅಪರೂಪಕ್ಕೆ ಮಾಡುತ್ತವೆ. ಆದ್ದರಿಂದ ಇದನ್ನು ಮೆಚ್ಚಲೇಬೇಕು.

ಆ 131 ಜಿಬಿ ಹೋದ ಮೇಲೂ ಮ್ಯಾಲೆವೆಲಾನ್ ಕ್ರೀಕ್‌ನ ಕಾಡು ಅಷ್ಟೇ ಕತ್ತಲಾಗಿದೆ, ರೋಬೊಟ್‌ಗಳ ಗುಂಡು ಅಷ್ಟೇ ಕೆಂಪಾಗಿದೆ. ಆಟ ಅಲ್ಲಿತ್ತು. ಉಳಿದದ್ದು ಸರಕು.